ಪುಟ್ಟ ಕೊನೆ

ಹಡಗುಗಳು ಗಾಳಿಯ ಅಪ್ಪಣೆ ಕೇಳಿಕೊಂಡು ಹೊರಡುತ್ತಿದ್ದ ಕಾಲ ಅದು. ಹೊಳೆಯೊಂದು ಪಡುವಣ ಕಡಲಿಗೆ ಸೇರುವ ಅಳಿವೆಯ ಹತ್ತಿರ, ಒಂದು ಗುಡಿಸಲಿನಲ್ಲಿ ವಿಠಪ್ಪಯ್ಯ ಎಂಬ ದುಭಾಷಿ ಇದ್ದರು.

ಅಕ್ಕಿ, ಮೆಣಸು ಕೊಳ್ಳಲು ಬರುತ್ತಿದ್ದ ಡಚ್ಚರಿಗೂ ಊರಿನವರಿಗೂ ನಡುವೆ ಮೂವತ್ತು ವರ್ಷ ಮಾತು ದಾಟಿಸಿದವರು. ಈಗ ಅವರ ಮೊಣಕಾಲು ಹಿಡಿದುಕೊಂಡಿತ್ತು. ದಂಡೆಯ ಕಲ್ಲಿನ ಮೇಲೆ ಕೂತು ನೀರು ನೋಡುವುದೇ ಹೆಚ್ಚು.

ಅವರಿಗೆ ಒಬ್ಬನೇ ಶಿಷ್ಯ, ದುಗ್ಗಪ್ಪ. ಎರಡು ವರ್ಷದಲ್ಲಿ ಅವನು ಆರುನೂರು ಡಚ್ ಮಾತು ಬಾಯಿಪಾಠ ಮಾಡಿದ್ದ. ಒಂದೊಂದರ ಎದುರಿಗೂ ಒಂದೊಂದು ಕನ್ನಡ ಮಾತು, ಎಲ್ಲ ಓಲೆಗರಿಯಲ್ಲಿ ಕೊರೆದು ಇಟ್ಟುಕೊಂಡಿದ್ದ.

"ಅಯ್ಯ, ಹಡಗಿನವರು ಬಂದಿಳಿಯುವ ಧಕ್ಕೆಗೆ ನನ್ನನ್ನು ಯಾವಾಗ ಕಳಿಸುತ್ತೀರಿ? ಆರುನೂರು ಮಾತು ಕಲಿತೆ."

"ಎಷ್ಟು ಜನರಿಂದ?"

"ನಿಮ್ಮೊಬ್ಬರಿಂದಲೇ."

"ಹಾಗಾದರೆ ನಿನಗೆ ಬರುವುದು ನನ್ನ ಮಾತು. ಡಚ್ಚರದ್ದಲ್ಲ."

ದುಗ್ಗಪ್ಪನಿಗೆ ಅದು ಹಿಡಿಸಲಿಲ್ಲ. ಓಲೆಗಳನ್ನು ಕಟ್ಟಿಟ್ಟ.

ಮಳೆಗಾಲಕ್ಕೆ ಹತ್ತು ದಿನ ಉಳಿದಿತ್ತು. ಆ ವರ್ಷದ ಕಡೆಯ ಹಡಗು ಅಳಿವೆಯ ಹೊರಗೆ ಲಂಗರು ಹಾಕಿತ್ತು. ಅದರ ಬಡಗಿ ಕ್ಲಾಸ್ ಎಂಬವನು ಜ್ವರ ಹಿಡಿದು ಸೇಸಕ್ಕನ ಜಗಲಿಯಲ್ಲಿ ಮಲಗಿದ್ದ. ಸೇಸಕ್ಕ ಬಲೆ ಹೆಣೆದು ಬದುಕುವ ಒಂಟಿ ಹೆಂಗಸು. ಹದಿನೈದು ದಿನ ಗಂಜಿ ಕುಡಿಸಿ ಅವನನ್ನು ಉಳಿಸಿಕೊಂಡಿದ್ದಳು. ಜ್ವರ ಇಳಿದಿತ್ತು. ಕಾಲಿಗೆ ಮಾತ್ರ ಬಲ ಬಂದಿರಲಿಲ್ಲ.

ಅವನನ್ನು ಹಡಗಿಗೆ ಮುಟ್ಟಿಸುವ ದಿನ ವಿಠಪ್ಪಯ್ಯರ ಮೊಣಕಾಲು ಬಾತುಕೊಂಡಿತು.

"ನೀನೇ ಹೋಗು" ಎಂದರು.

ನಾಲ್ವರು ಆಳುಗಳು ಕ್ಲಾಸನನ್ನು ಮಂಚದ ಮೇಲೆ ಹೊತ್ತರು. ಬೆಳಗಿನ ಹೊಳೆಯಿಂದ ಆವಿ ಏಳುತ್ತಿತ್ತು. ಹೊತ್ತವರ ಕಾಲು ಕಾಣುತ್ತಿರಲಿಲ್ಲ. ಮಂಚ ತಾನಾಗಿಯೇ ತೇಲಿಕೊಂಡು ಹೋಗುತ್ತಿದೆಯೋ ಎನ್ನುವಂತಿತ್ತು.

ಧಕ್ಕೆಯ ದೋಣಿ ಕಣ್ಣಿಗೆ ಬಿದ್ದಾಗ ಕ್ಲಾಸ್ ಮೊಣಕೈ ಊರಿ ಎದ್ದು ಏನೋ ಹೇಳಿದ. ಇನ್ನೊಮ್ಮೆ ಹೇಳಿದ.

"ಎಂತ ಹೇಳ್ತಾ ಇದ್ದಾನೆ ಮಾರಾಯಾ?" ಮುಂದಿನ ಆಳು ಕೇಳಿದ.

ದುಗ್ಗಪ್ಪನ ಕಿವಿಗೆ ಸಿಕ್ಕಿದ್ದು ಒಂದೇ ಮಾತು. ಐಂತ್ಯೆ.

ಅವನ ಎದೆ ಅರಳಿತು. ಐಂದೆ ಎಂದರೆ ಕೊನೆ, ಅದು ಅವನ ಓಲೆಯಲ್ಲಿತ್ತು. ಮೇಲಾಗಿ ಇದು ನಮ್ಮ ಅಂತ್ಯ ಎನ್ನುವ ಮಾತಿನ ಒಡಹುಟ್ಟಿನಂತೆಯೇ ಕೇಳುತ್ತಿದೆ!

"ತನ್ನ ಅಂತ್ಯ ಬಂತು ಅಂತಿದ್ದಾನೆ" ಎಂದುಬಿಟ್ಟ.

ಆಳುಗಳು ಮಂಚ ಇಳಿಸಿದರು. ಸಾಯುವವನನ್ನು ದೋಣಿಗೆ ಹತ್ತಿಸಲು ಒಬ್ಬರೂ ಒಪ್ಪಲಿಲ್ಲ. ದೋಣಿಯವನು ದೂರದಿಂದಲೇ ಸುದ್ದಿ ಅರೆಬರೆ ಕೇಳಿಕೊಂಡು, ಅದನ್ನೇ ಹಡಗಿಗೆ ಒಯ್ಯಲು ಇಳಿತದ ನೀರು ಹಿಡಿದು ಹೊರಟುಹೋದ.

ಕ್ಲಾಸ್ ದೋಣಿಯ ಕಡೆ ಕೈಚಾಚಿ ಕೂಗಿದ. ದುಗ್ಗಪ್ಪ ಆ ಕೈಯನ್ನು ಹಿಡಿದುಕೊಂಡು, ತನಗೆ ಬರುತ್ತಿದ್ದ ಸಮಾಧಾನದ ಮಾತುಗಳನ್ನೆಲ್ಲ ಹೇಳಿದ.

ಮಧ್ಯಾಹ್ನದ ಹೊತ್ತಿಗೆ ಹಡಗು ಹಾಯಿ ಬಿಚ್ಚಿತು.

ಸಂಜೆ ಸೇಸಕ್ಕ ಗುಡಿಸಲಿಗೆ ಬಂದಳು. "ಅಯ್ಯಾ, ಅವ ಎರಡು ಬಟ್ಟಲು ಗಂಜಿ ಉಂಡು ಗೋಡೆಗೆ ಒರಗಿ ಅಳ್ತಾ ಕೂತಿದ್ದಾನೆ. ಸಾಯುವವರು ಇಷ್ಟು ಉಣ್ತಾರಾ?"

ವಿಠಪ್ಪಯ್ಯ ಶಿಷ್ಯನ ಕಡೆ ತಿರುಗಿದರು. "ಅವನು ಅಂದದ್ದೇನು?"

"ಐಂತ್ಯೆ ಅಂದ."

ವಿಠಪ್ಪಯ್ಯ ಕಣ್ಣು ಮುಚ್ಚಿದರು.

"ಐಂದೆ ಎಂದರೆ ಕೊನೆ, ನಿಜ. ಹಿಂದಿನ ತ್ಯೆ ಅನ್ನುವ ಬಾಲ ಕೇಳಿಸಲಿಲ್ಲವೇ? ನಾವು ಮುಂದೆ ಪುಟ್ಟ ಅಂತ ಸೇರಿಸುತ್ತೇವೆ, ಅವರು ಹಿಂದೆ ಬಾಲ ಸೇರಿಸುತ್ತಾರೆ."

"ಹಾಗಾದರೆ, ಪುಟ್ಟ ಕೊನೆ?"

"ಅಂದರೆ ತುಸು ದೂರ. ಇನ್ನು ತುಸುವೇ ದೂರ, ನಾನೇ ನಡೆಯುತ್ತೇನೆ ಅಂದಿರಬೇಕು."

ದುಗ್ಗಪ್ಪ ಕಡಲಿನ ಕಡೆ ನೋಡಿದ. ಮಳೆ ಮುಗಿಯುವ ತನಕ ಇನ್ನೊಂದು ಹಡಗಿಲ್ಲ.

"ಆ ಮಾತು ಕಿವಿಗೆ ಬಿದ್ದಾಗ ನಿನಗೆ ಏನನ್ನಿಸಿತು?"

"ಖುಷಿಯಾಯಿತು ಅಯ್ಯ. ನಮ್ಮ ಮಾತಿನ ಹಾಗೇ ಇತ್ತು."

"ಅವನ ಮುಖ ಹೇಗಿತ್ತು?"

"ನೋಡಲಿಲ್ಲ."

ವಿಠಪ್ಪಯ್ಯ ಬಾತ ಮೊಣಕಾಲು ನೀವಿಕೊಂಡರು. ಆಮೇಲೆ, "ಕಳಿಸಿದವನು ನಾನು" ಎಂದರು. ಅಷ್ಟೇ.

ಮರುದಿನ ಬೆಳಿಗ್ಗೆ ಅದೇ ನಾಲ್ವರು ಆಳುಗಳು ಅದೇ ಮಂಚ ತಂದು ಗುಡಿಸಲ ಮುಂದೆ ಇಟ್ಟರು.

"ಮಲಗು" ಎಂದರು ವಿಠಪ್ಪಯ್ಯ.

ದುಗ್ಗಪ್ಪ ಮಲಗಿದ. ಗುರುಗಳು ಆಳುಗಳೊಡನೆ ಪೋರ್ಚುಗೀಸರ ಭಾಷೆಯಲ್ಲಿ ಮಾತಾಡಿದರು. ಆಳುಗಳು ಹಿಂದೆ ಆ ಪೋರ್ಚುಗೀಸರ ಉಗ್ರಾಣಗಳಲ್ಲಿ ದುಡಿದವರು, ಅದೇ ಭಾಷೆಯಲ್ಲಿ ಉತ್ತರ ಕೊಟ್ಟರು. ದುಗ್ಗಪ್ಪನಿಗೆ ಅದರ ಒಂದಕ್ಷರವೂ ಬಾರದು.

ಮಂಚ ಮೇಲೆದ್ದಿತು. ಆಕಾಶ ಹಿಂದಕ್ಕೆ ಜಾರತೊಡಗಿತು. ತೆಂಗಿನ ತಲೆಗಳು ಒಂದೊಂದಾಗಿ ಬಂದು ಬಗ್ಗಿ ನೋಡಿ ಹೋದವು. ಮೇಲೆ ಎಲ್ಲೋ ಮಾತು ನಡೆದಿತ್ತು. ಒಬ್ಬ ನಕ್ಕ. ಒಬ್ಬ ದನಿ ತಗ್ಗಿಸಿದ.

"ಎಲ್ಲಿಗೆ ಒಯ್ಯುತ್ತಿದ್ದೀರಿ?" ದುಗ್ಗಪ್ಪ ಕೇಳಿದ.

ಅವರು ಅದೇ ಭಾಷೆಯಲ್ಲಿ ಏನೋ ಹೇಳಿದರು, ಮುಂದೆ ನಡೆದರು.

ಕೊನೆಗೆ ಮರಳಿನ ಮೇಲೆ ಇಳಿಸಿ ಹೊರಟುಹೋದರು. ಎದ್ದು ಕೂರಬಹುದಿತ್ತು. ಆದರೆ ಗುರು ಮಲಗೆಂದಿದ್ದರು. ಭರತದ ನೀರು ಮೆಲ್ಲಗೆ ಬಂತು. ಮಂಚದ ಕಾಲು ನೆನೆಯಿತು. ಮೋಡ ಹೋಗುತ್ತಿದೆಯೋ ತಾನೇ ಹೋಗುತ್ತಿದ್ದೇನೋ ತಿಳಿಯದಾಯಿತು. ಬೆನ್ನಿಗೆ ತಣ್ಣೀರು ತಾಗಿದಾಗ ಅವನಿಗೆ ನಿಜವಾಗಿ ಭಯವಾಯಿತು.

ಕೋಲೂರಿಕೊಂಡು ವಿಠಪ್ಪಯ್ಯ ಬಂದರು.

"ಏನು ಕೇಳಿಸಿತು?"

"ಏನೂ ತಿಳಿಯಲಿಲ್ಲ ಅಯ್ಯ. ಎಲ್ಲರೂ ನನ್ನ ವಿಷಯವೇ ಮಾತಾಡುತ್ತಿದ್ದಾರೆ ಅನ್ನಿಸಿತು."

"ನಿನ್ನ ವಿಷಯವಲ್ಲ. ಮೀನಿನ ವಿಷಯ." ಅವರು ಕೈ ಚಾಚಿ ಎಬ್ಬಿಸಿದರು. "ಹೋಗು. ಅವನಿಗೆ ನಡೆಸುವವರು ಬೇಕು."

ಮಳೆ ಬಂತು. ಅದು ಬಿಟ್ಟ ಹೊತ್ತಿನಲ್ಲಿ ದುಗ್ಗಪ್ಪ ಕ್ಲಾಸನ ಕಂಕುಳಿಗೆ ಭುಜ ಕೊಟ್ಟು ನಡೆಸುತ್ತಿದ್ದ. ಮೊದಲ ದಿನ ಬಾವಿಯವರೆಗೆ. ಎರಡನೆಯ ದಿನ ಬೇಲಿಯವರೆಗೆ. ನಿಂತಲ್ಲೆಲ್ಲ ಕ್ಲಾಸ್ ಮುಂದೆ ಕೈ ತೋರಿಸಿ ಐಂತ್ಯೆ ಎನ್ನುತ್ತಿದ್ದ. ಇನ್ನು ತುಸು ದೂರ.

ಒಂದು ಸಂಜೆ ಸೇಸಕ್ಕನ ದೀಪದ ಎಣ್ಣೆ ತೀರಿತು. ಕ್ಲಾಸ್ ತನ್ನ ಪೆಟ್ಟಿಗೆಯಿಂದ ಉರಿದು ಉಳಿದ ಮೇಣದ ಬತ್ತಿಯ ತುಂಡು ತೆಗೆದುಕೊಟ್ಟ. ಅದಕ್ಕೂ ಐಂತ್ಯೆ ಎಂದ.

ಇನ್ನೊಂದು ದಿನ ಬೆರಳುದ್ದದ ಮರದ ತುಂಡು ಕೆತ್ತಿ, ಬಲೆ ಹೆಣೆಯುವ ಕಡ್ಡಿ ಮಾಡಿದ. ಆ ತುಂಡೂ ಐಂತ್ಯೆ.

ಸೇಸಕ್ಕ ಕಡ್ಡಿಯನ್ನು ತಿರುಗಿಸಿ ನೋಡಿದಳು. "ಕೈ ಒಳ್ಳೇದುಂಟು ಇವನಿಗೆ" ಎಂದಳು.

ಮಳೆ ನೋಡುತ್ತಾ ಕೂತಾಗ ಕ್ಲಾಸ್ ತನ್ನ ಮಗಳ ಹೆಸರು ಹೇಳುತ್ತಿದ್ದ. ಗ್ರೀತ್ಯೆ. ಆ ಹೆಸರಿಗೂ ಬಾಲವಿತ್ತು. ಹೇಳುವಾಗ ಅವನ ದನಿಯೇ ಸಣ್ಣದಾಗುತ್ತಿತ್ತು. ಅವಳಿಗೆ ಏಳು ವರ್ಷವಂತೆ. ಆಮೇಲೆ ಕಡಲಿನ ಕಡೆ ನೋಡಿ ಉಗುಳುತ್ತಿದ್ದ. ತನ್ನ ಜನರೇ ತನ್ನನ್ನು ಕಸದ ಹಾಗೆ ಬಿಟ್ಟುಹೋದರು ಎಂದು ಅವನು ನಂಬಿದ್ದ.

ದುಗ್ಗಪ್ಪ ಗುರುಗಳ ಮುಂದೆ ಓಲೆ ಬಿಚ್ಚಿದ.

"ದಾರಿಯೂ ಐಂತ್ಯೆ, ಮೇಣವೂ ಐಂತ್ಯೆ, ಮರವೂ ಐಂತ್ಯೆ. ಬಾಲ ಕೆಲವು ಸಲ ಸಣ್ಣದು ಅನ್ನುತ್ತದೆ, ಕೆಲವು ಸಲ ಮುದ್ದು ಅನ್ನುತ್ತದೆ, ಕೆಲವು ಸಲ ಉಳಿದದ್ದು ಅನ್ನುತ್ತದೆ. ನಾನು ಯಾವುದನ್ನು ಬರೆದುಕೊಳ್ಳಲಿ?"

"ಅವನಿಗೆ ಹೇಳಿದೆಯಾ?"

"ಏನನ್ನು ಅಯ್ಯ?"

"ಹಡಗು ಅವನನ್ನು ಬಿಟ್ಟು ಯಾಕೆ ಹೋಯಿತು ಅಂತ."

ದುಗ್ಗಪ್ಪ ಓಲೆಕಟ್ಟು ಮುಚ್ಚಿದ. ಮಾಡಿನಿಂದ ನೀರು ಎಳೆ ಎಳೆಯಾಗಿ ಇಳಿಯುತ್ತಿತ್ತು.

"ಹೇಗೆ ಹೇಳಲಿ? ನನ್ನ ಆರುನೂರು ಮಾತಿನಲ್ಲಿ ಅದಕ್ಕೆ ಬೇಕಾದ ಮಾತಿಲ್ಲ."

"ಇರುವುದರಲ್ಲೇ ಹೇಳು."

ಇದ್ದುದರಲ್ಲೇ ಹೇಳಿದ. ನೀನು ಇದು ಅಂದೆ. ನಾನು ಅದು ಅಂದುಕೊಂಡೆ. ಅವರಿಗೆ ಹಾಗೆಂದು ಹೇಳಿದವನು ನಾನು. ಅವರು ನೀನು ಸತ್ತೆ ಅಂದುಕೊಂಡು ಹೋದರು.

ಕ್ಲಾಸನಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದಾಗ ಅವನು ಎರಡೇ ಮಾತು ಹೇಳಿದ. "ಸತ್ತೆ. ಗ್ರೀತ್ಯೆ." ಆಮೇಲೆ ಗೋಡೆಯ ಕಡೆ ಹೊರಳಿದ.

ಮನೆಗೆ ಸಾವಿನ ಸುದ್ದಿ ಹೋಗುತ್ತದೆ ಎಂಬುದು ದುಗ್ಗಪ್ಪನಿಗೆ ಹೊಳೆದದ್ದು ಆಗಲೇ.

ಮೂರು ದಿನ ಕ್ಲಾಸ್ ಉಣ್ಣಲಿಲ್ಲ, ನಡೆಯಲಿಲ್ಲ. ದುಗ್ಗಪ್ಪ ಮೂರು ದಿನವೂ ಬಂದು ಮೆಟ್ಟಿಲ ಮೇಲೆ ಕೂತ. ಒಳಗೆ ಬಾ ಎಂದು ಸೇಸಕ್ಕನೂ ಕರೆಯಲಿಲ್ಲ.

ನಾಲ್ಕನೆಯ ದಿನ ಗಾಳಿಗೆ ಸೇಸಕ್ಕನ ಅಂಗಳದಲ್ಲಿದ್ದ ದೋಣಿಯ ಮೇಲಿನ ಚಪ್ಪರ ಕಿತ್ತುಹೋಯಿತು. ಕ್ಲಾಸ್ ತಾನಾಗಿ ಎದ್ದು, ಬಿದಿರಿನ ಗಳ ಹಿಡಿದುಕೊಂಡು ನಿಂತು ಹಗ್ಗ ಬಿಗಿಯತೊಡಗಿದ. ಒಬ್ಬನಿಂದ ಆಗುವ ಕೆಲಸವಾಗಿರಲಿಲ್ಲ. ಸುತ್ತ ನೋಡಿದ. ಹಗ್ಗದ ತುದಿಯನ್ನು ದುಗ್ಗಪ್ಪನ ಕಡೆಗೆ ಚಾಚಿದ.

"ಐಂತ್ಯೆ" ಎಂದ.

ಈ ಸಲ ದುಗ್ಗಪ್ಪ ಅವನ ಮುಖ ನೋಡಿದ. ಅದರಲ್ಲಿ ಸಿಟ್ಟಿತ್ತು. ಆದರೂ ಕೈ ಚಾಚಿಯೇ ಇತ್ತು. ದುಗ್ಗಪ್ಪ ಹಗ್ಗ ಹಿಡಿದು ಜಗ್ಗಿದ. ಇಬ್ಬರೂ ನೆನೆದು ತೊಪ್ಪೆಯಾದರು.

ಕೆಲಸ ಮುಗಿದ ಮೇಲೆ ಕ್ಲಾಸ್ ಒಂದು ಕಾಗದ ಬರೆದ. ಹಡಗು ಮಳೆಗಾಲ ಕಳೆಯಲು ದಕ್ಷಿಣದ ಡಚ್ ಕೋಟೆಯ ಬಂದರಿನಲ್ಲಿ ನಿಂತಿರುತ್ತದೆ, ಅಲ್ಲಿಂದಲೇ ಊರಿಗೆ ಸುದ್ದಿ ಹೋಗುವುದು ಎಂದ. ಹನ್ನೆರಡು ದಿನದ ದಾರಿ. ನಡುವೆ ಏಳು ಹೊಳೆ, ಏಳೂ ತುಂಬಿದ್ದವು.

ದುಗ್ಗಪ್ಪ ಗುರುಗಳ ಕಾಲಿಗೆರಗಿದ. "ಹೋಗಿ ಬರುತ್ತೇನೆ."

"ಓಲೆ ಒಯ್ಯುವುದಿಲ್ಲವೇ?"

"ನೆನೆಯುತ್ತದೆ ಅಯ್ಯ."

"ಸರಿ" ಎಂದರು ವಿಠಪ್ಪಯ್ಯ.

ಕ್ಲಾಸ್ ಮಳೆ ತಡೆಯಲು ಸೇಸಕ್ಕನ ಎಲೆಯ ಗೊರಬೆ ತಲೆಗೆ ಹಾಕಿಕೊಂಡು ಹೊರಗೆ ಬಂದ. ತಾನೂ ಐಂತ್ಯೆ ಬರುತ್ತೇನೆ ಎಂದ. ಇಬ್ಬರೂ ಗದ್ದೆಯಂಚಿನಲ್ಲಿ ಮಾತಿಲ್ಲದೆ ನಡೆದರು. ಮಳೆಯ ಪರದೆಯ ಆಚೆ ಊರು ಕರಗಿಹೋಯಿತು. ಮೊದಲ ಹೊಳೆ ಸಿಕ್ಕಿದಾಗ ಕ್ಲಾಸ್ ನಿಂತು, ದುಗ್ಗಪ್ಪನ ಭುಜ ಒಮ್ಮೆ ಒತ್ತಿ ಹಿಂದಿರುಗಿದ.

ಕೋಟೆ ಮುಟ್ಟಲು ಹದಿನೇಳು ದಿನ ಬೇಕಾಯಿತು. ಎರಡು ಕಡೆ ದೋಣಿಯಿರಲಿಲ್ಲ, ಒಂದು ಕಡೆ ಜ್ವರ ಬಂದು ಯಾರದೋ ಕೊಟ್ಟಿಗೆಯಲ್ಲಿ ಮಲಗಿದ. ಕನಸಿನಲ್ಲಿ ಹೊಳೆಗಳೆಲ್ಲ ಡಚ್ ಭಾಷೆಯಲ್ಲಿ ಮಾತಾಡುತ್ತಿದ್ದವು. ಎದ್ದಾಗ ಅದರಲ್ಲಿ ಒಂದೂ ನೆನಪಿರಲಿಲ್ಲ.

ಕೋಟೆಯ ಕರಣಿಕ ಕಾಗದ ಓದಿ, ದೊಡ್ಡ ಪುಸ್ತಕ ತೆರೆದು, ಒಂದು ಹೆಸರಿನ ಎದುರಿನ ಶಿಲುಬೆಯ ಗುರುತಿನ ಮೇಲೆ ಬೆರಳಿಟ್ಟ.

"ಇವನು ಸತ್ತ ಎಂದು ಹೇಳಿದವರು ಯಾರು?"

ದುಗ್ಗಪ್ಪನ ಹಿಂದೆ ಕೋಟೆಯ ಕಾವಲುಗಾರರು ನಿಂತಿದ್ದರು. ಮೂರನೆಯವರ ಹೆಸರು ಹೇಳಬಹುದಿತ್ತು. ಆಳುಗಳೆನ್ನಬಹುದಿತ್ತು, ದೋಣಿಯವನೆನ್ನಬಹುದಿತ್ತು.

"ನಾನು" ಎಂದ. "ಅವನ ಮಾತು ನನಗೆ ಅರ್ಥವಾಗಿರಲಿಲ್ಲ."

ಕರಣಿಕ ಅವನನ್ನು ಮೇಲಿಂದ ಕೆಳಗೆ ನೋಡಿದ. ಕಾಲಿನ ಗಾಯ ನೋಡಿದ. ಮಸಿಯಲ್ಲಿ ಲೇಖನಿ ಅದ್ದಿ ಗುರುತು ಹೊಡೆದುಹಾಕಿದ. ಊರಿಗೆ ಹೋಗುವ ಕಾಗದಗಳು ಇನ್ನೂ ಕಟ್ಟಿನಲ್ಲೇ ಇದ್ದವು. ಒಂದನ್ನು ಎಳೆದು ತೆಗೆದು, ಹರಿದು, ದೀಪಕ್ಕೆ ಹಿಡಿದ.

ದುಗ್ಗಪ್ಪ ಮರಳಿ ಬಂದು ಇದನ್ನು ಹೇಳಿದಾಗ ಕ್ಲಾಸ್ ಸರಿದು ಜಗಲಿಯಲ್ಲಿ ಜಾಗ ಮಾಡಿದ. ಸೇಸಕ್ಕ ಕ್ಲಾಸನ ಎದುರು ಊಟದ ಎಲೆ ಹಾಕಿ, ಅದರ ಪಕ್ಕದಲ್ಲೇ ದುಗ್ಗಪ್ಪನಿಗೂ ಒಂದು ಎಲೆ ಹಾಕಿದಳು. "ಕೂತ್ಕೋ ಮಗಾ" ಎಂದಳು.

ಮಳೆ ಹಿಂದೆ ಸರಿಯಿತು. ಕಡಲು ತಿಳಿಯಾಯಿತು. ಒಂದು ಬೆಳಿಗ್ಗೆ ಅಳಿವೆಯ ಹೊರಗೆ ಬಿಳಿ ಹಾಯಿ ಕಾಣಿಸಿತು.

ಕ್ಲಾಸ್ ತನ್ನ ಕಾಲಲ್ಲೇ ಧಕ್ಕೆಗೆ ನಡೆದ. ಸೇಸಕ್ಕನಿಗೆ ಕೈಮುಗಿದ. ವಿಠಪ್ಪಯ್ಯ ಕೋಲಿನೊಡನೆ ಕಲ್ಲಿನ ಮೇಲೆ ಕೂತಿದ್ದರು. ಅವರಿಗೂ ಕೈಮುಗಿದ. ಪೆಟ್ಟಿಗೆಯನ್ನು ದುಗ್ಗಪ್ಪ ದೋಣಿಗೆ ಇಳಿಸಿದ.

ದೋಣಿಯಲ್ಲಿ ಕೂತ ಮೇಲೆ ಕ್ಲಾಸ್ ಅವನ ಮುಖ ನೋಡಿ ನಗುತ್ತಾ ಆ ಮಾತನ್ನು ಮತ್ತೊಮ್ಮೆ ಹೇಳಿದ. ದಾರಿಯನ್ನೂ ತೋರಿಸಲಿಲ್ಲ, ಹಗ್ಗವನ್ನೂ ಚಾಚಲಿಲ್ಲ. ಕಣ್ಣು ಮಾತ್ರ ತುಂಬಿತ್ತು.

ದುಗ್ಗಪ್ಪ ಸರಸರನೆ ಗುರುಗಳ ಹತ್ತಿರ ಬಂದ.

"ಅಯ್ಯ, ಈಗ ಅವನು ಐಂತ್ಯೆ ಅಂದ. ಜೊತೆಗೆ ಬಾ ಅಂದನೋ, ಇಲ್ಲಿಗೆ ಮುಗಿಯಿತು ಅಂದನೋ? ಯಾವ ಅರ್ಥ?"

ವಿಠಪ್ಪಯ್ಯ ಹೊಳೆಯ ಕಡೆ ಗಲ್ಲ ಎತ್ತಿದರು.

"ನನ್ನನ್ನು ಯಾಕೆ ಕೇಳುತ್ತೀ? ದೋಣಿ ಇನ್ನೂ ದಡ ಬಿಟ್ಟಿಲ್ಲ."