ಬೋಳುಗುಡ್ಡದ ಹೇಳುಗಲ್ಲು

ಹೊಳೆಕೋಡಿಯ ಅಳಿವೆಯ ಮೇಲಿರುವ ಬೋಳುಗುಡ್ಡದಲ್ಲಿ ಮರವಿಲ್ಲ, ಗುಡಿಯಿಲ್ಲ. ಸೊಂಟದೆತ್ತರದ ಒಂದು ಕಪ್ಪು ಬಂಡೆ ಕಡಲಿಗೆ ಮುಖಮಾಡಿ ನಿಂತಿದೆ. ಊರವರು ಅದನ್ನು ಹೇಳುಗಲ್ಲು ಎನ್ನುತ್ತಾರೆ. ಯಾವುದೋ ಪಾಳೆಯಗಾರನ ಕಾವಲಿನವರು ಅಲ್ಲಿಂದ ಕೂಗಿ ಸುದ್ದಿ ಹೇಳುತ್ತಿದ್ದರೆಂದು ಈಚೆಗೆ ನೆಟ್ಟ ಫಲಕದಲ್ಲಿ ಬರೆದಿದ್ದಾರೆ. ಅದು ತಪ್ಪು. ಬರೆದವರು ಊರಿನ ಹಿರಿಯರನ್ನು ಒಂದು ಮಾತು ಕೇಳಬಹುದಿತ್ತು.

ಹಿಂದೆ ಒಮ್ಮೆ ಈ ಊರಿನಲ್ಲಿ ಇಬ್ಬರು ಹೊರದೇಶದವರಿದ್ದರು. ಹೊಳೆದಂಡೆಯಲ್ಲಿ ಹಂಚಿನ ಕಾರ್ಖಾನೆ ನಡೆಸುತ್ತಿದ್ದ ಹಾಫ್ನರ್ ಜರ್ಮನರು. ಫ್ರೆಂಚರ ಕೈಯಲ್ಲಿದ್ದ ಮಾಹೆ ಬಂದರಿನಿಂದ ಬಂದು ಕರಿಮೆಣಸು ಕೊಳ್ಳುತ್ತಿದ್ದ ಲಫೋರ್ ಫ್ರೆಂಚರು, ಮೊದಲು ಫಿರಂಗಿ ದಳದಲ್ಲಿದ್ದವರು. ಒಬ್ಬರ ಭಾಷೆ ಇನ್ನೊಬ್ಬರಿಗೆ ಬಾರದು. ಸಂಜೆ ಬಂಡೆಯ ಎರಡು ಬದಿಗೆ ಕುಳಿತು ಅವರು ಆಡುತ್ತಿದ್ದದ್ದು ಆಳುಗಳಿಂದ ಕಲಿತ ಕನ್ನಡ. ೧೮೭೦ರಲ್ಲಿ ಅವರ ದೇಶಗಳು ಯುದ್ಧಕ್ಕಿಳಿದವು. ಲಫೋರರ ಒಬ್ಬನೇ ಮಗ, ಸೈನಿಕ ಎತಿಯೆನ್, ಮೆಟ್ಸ್ ಎಂಬ ಫ್ರೆಂಚ್ ಕೋಟೆಯೊಳಗೆ ಸಿಕ್ಕಿಕೊಂಡ. ಕೋಟೆಯನ್ನು ಮುತ್ತಿದ ಸೈನ್ಯದಲ್ಲಿ ಹಾಫ್ನರರ ತಮ್ಮನಿದ್ದ. ವೈರಿ ದೇಶದವರೊಡನೆ ಮಾತಾಡುವುದಿಲ್ಲವೆಂದು ಲಫೋರ್ ಆಣೆ ಹಾಕಿದರು. ಆದರೂ ಸಂಜೆಯಾದರೆ ಇಬ್ಬರೂ ಗುಡ್ಡ ಹತ್ತಿ, ತುಟಿ ಬಿಚ್ಚದೆ ಕೂರುತ್ತಿದ್ದರು. ಹೋಗಿ ಕೂರಲು ಅವರಿಗೆ ಬೇರೆ ಯಾರೂ ಇರಲಿಲ್ಲ.

ಇದನ್ನು ನೋಡಲಾರದೆ ದಾರಿ ತೋರಿಸಿದವಳು ಲಫೋರರ ಅಡುಗೆಯ ಸೂರಕ್ಕ. "ನನ್ನ ಅತ್ತಿಗೆ ಹತ್ರ ಮಾತು ಬಿಟ್ಟು ಹನ್ನೊಂದು ವರ್ಷ ಆಯ್ತು ಒಡೆಯ," ಎಂದಳಂತೆ. "ಹೇಳೂದನ್ನೆಲ್ಲ ಬಾವಿಕಟ್ಟೆಗೆ ಹೇಳ್ತೆ. ಅವ್ಳು ಕೇಳಿಸ್ಕೊಳ್ತಾಳೆ. ಬಿಟ್ಟದ್ದು ಮಾತು, ಕಿವಿ ಅಲ್ಲ ಅಲ್ದಾ?" ಅಂದಿನಿಂದ ಬಂಡೆಗೆ ಕೆಲಸ ಬಂತು. "ಕಲ್ಲೇ, ಹೇಳು, ಅವರ ಮೆಣಸಿಗೆ ಹುಳ ಬಿದ್ದಿದೆಯಂತೆ" ಎಂದು ಹಾಫ್ನರ್ ಕೆಣಕಿದರೆ, "ಕಲ್ಲೇ, ಹೇಳು, ಅವರ ಹಂಚಿನಡಿ ನಾನು ಕೊಡೆ ಹಿಡಿದು ಉಣ್ಣುತ್ತೇನೆ" ಎಂದು ಲಫೋರ್ ತಿರುಗಿಸಿ ಕೊಡುತ್ತಿದ್ದರು. ಆದರೆ ಮಗನಿಂದ ಕಾಗದ ಬರುವುದು ನಿಂತಿತ್ತು. ಅವನು ಬದುಕಿದ್ದಾನೆಯೇ ಎಂದು ಲಫೋರ್ ಕಲ್ಲನ್ನೂ ಕೇಳಲಿಲ್ಲ. ಹಾಫ್ನರ್ ಗುಟ್ಟಾಗಿ ತಮ್ಮನಿಗೆ ಬರೆದು ವಿಚಾರಿಸಿದರು. ಉತ್ತರ ಬಂದದ್ದು ಡಿಸೆಂಬರಿನ ಹಡಗಿನಲ್ಲಿ.

ಆ ಸಂಜೆ ಹಾಫ್ನರ್ ಬಂಡೆಯ ಮೇಲೆ ಕೈಯಿಟ್ಟು ಹೇಳಿದರು: "ಕಲ್ಲೇ, ಹೇಳು. ಹುಡುಗ ಜ್ವರದಲ್ಲಿ ಹೋದ. ಅಕ್ಟೋಬರ್ ಒಂಬತ್ತಕ್ಕೆ, ಕೋಟೆಯ ಆಸ್ಪತ್ರೆಯಲ್ಲಿ." ಲಫೋರ್ ಕಡಲನ್ನೇ ನೋಡುತ್ತಿದ್ದರು. "ಕಲ್ಲೇ, ಕೇಳು. ಒಬ್ಬನೇ ಇದ್ದನಾ?" ಕಾಗದದಲ್ಲಿ ಅದರ ಸುದ್ದಿಯೇ ಇರಲಿಲ್ಲ. "ಇಲ್ಲ," ಎಂದರು ಹಾಫ್ನರ್. "ನನ್ನ ತಮ್ಮ ಪಕ್ಕದಲ್ಲಿ ಕೂತಿದ್ದ." ಜರ್ಮನರು ಮೆಟ್ಸ್ ಒಳಹೊಕ್ಕದ್ದು ಅದೇ ತಿಂಗಳ ಇಪ್ಪತ್ತೊಂಬತ್ತಕ್ಕೆ, ಹುಡುಗ ಸತ್ತು ಇಪ್ಪತ್ತು ದಿನಗಳಾದ ಮೇಲೆ. ಮಾಹೆಯಿಂದ ಬಂದ ಪತ್ರಿಕೆಯಲ್ಲಿ ಲಫೋರ್ ಅದನ್ನು ಓದಿಯಾಗಿತ್ತು. ಅವರು ಎದ್ದು ನಿಂತು, "ಕಲ್ಲೇ, ಹೇಳು. ಆ ತಮ್ಮನಿಗೆ ನನ್ನ ನಮಸ್ಕಾರ ಬರೆಯಲಿ" ಎಂದರು ಎನ್ನುತ್ತಾರೆ.

ಮರುವರ್ಷ ಲಫೋರ್ ಮಾಹೆಗೆ ಹೋದವರು ತಿರುಗಿ ಬರಲಿಲ್ಲ. ಹಾಫ್ನರ್ ಮುಂದೆ ಹತ್ತೊಂಬತ್ತು ವರ್ಷ ದಿನವೂ ಗುಡ್ಡ ಹತ್ತಿ ಊರಿನ ಸುದ್ದಿಯನ್ನು ಕಲ್ಲಿಗೆ ಹೇಳಿ ಇಳಿಯುತ್ತಿದ್ದರಂತೆ. ಬಂಡೆಯ ದಕ್ಷಿಣಕ್ಕೆ ಹಂಚು ಹಾಸಿದ ಒಂದು ಪೀಠವನ್ನು ಈಗಲೂ ನೋಡಬಹುದು. ಅದು ಲಫೋರ್ ಕೂರುತ್ತಿದ್ದ ಬದಿ. ಅವರು ಹೋದ ಮೇಲೆ ಹಾಫ್ನರ್ ಕಟ್ಟಿಸಿದ್ದು. ತಮ್ಮ ಬದಿಗೆ ಅವರು ಏನನ್ನೂ ಹಾಸಿಕೊಳ್ಳಲಿಲ್ಲ. ಗುಡ್ಡ ಹತ್ತಿ ದಣಿದವರೂ ಆ ಪೀಠದಲ್ಲಿ ಕೂರುವುದಿಲ್ಲ. ಈಚೆ ಬದಿಯ ಬರಿನೆಲದಲ್ಲೇ ಕೂರುತ್ತಾರೆ.