ಮುಗಿಲುನೂಲಿನ ಶಾಲು

ಮುಗಿಲೂರಿನ ದೊರೆ ಉದ್ದಂಡರಾಯನಿಗೆ ಹುಟ್ಟಿದಾಗಿನಿಂದ ಯಾರೂ ಅನ್ನದ ಮಾತನ್ನು ನೇಕಾರರ ಬೀದಿಯವರು ಅಂದುಬಿಟ್ಟರು: "ಆಗಾಕಿಲ್ಲ ಬುದ್ಧಿ."

ಬೆಟ್ಟದ ನೆತ್ತಿಯ ಮೇಲಿದ್ದ ಆ ಬೀದಿಯನ್ನು ಕೆಡವಿ ವಿಹಾರವನ ಮಾಡಿಸಬೇಕೆಂದು ದೊರೆಯ ಆಸೆ. ನೆತ್ತಿ ಬಿಟ್ಟು ಇಳಿದರೆ ಮುಗಿಲು ಕೈಗೆಟುಕುವುದಿಲ್ಲ, ಮುಗಿಲು ಸಿಗದೆ ನೂಲಿಲ್ಲ, ನಾವು ಉಣ್ಣುವುದೇನು ಎಂದು ನೇಕಾರರ ಅಳಲು.

"ನೋಡ್ತಾ ಇರಿ!" ನೇಕಾರರನ್ನೂ ಕರೆಸಿದ್ದ ತುಂಬಿದ ಸಭೆಯಲ್ಲಿ ದೊರೆ ಮೀಸೆ ತಿರುವಿದ. "ಅವರ ಮಗ್ಗದಲ್ಲೇ ನನಗೊಂದು ಶಾಲು ನೇಯಿಸ್ತೀನಿ. ಅದನ್ನು ಹೊದ್ದು ನಾನು ಏನು ಕೇಳಿದರೂ ಎದುರಿನವರು 'ಆಗಲಿ' ಅನ್ನಲೇಬೇಕು. ಹೊನ್ನಾಯಿ, ನೀನೇ ನೇಯಿ. ಇಲ್ಲದಿದ್ದರೆ ನಿನ್ನ ಮಗ್ಗ ಅರಮನೆಯ ಒಲೆಗೆ!"

ಮುಗಿಲುನೂಲಿಗೆ ಕಿವಿಯುಂಟು. ಆ ಸೀಮೆಯಲ್ಲಿ ಇದು ಎಲ್ಲರಿಗೂ ಗೊತ್ತು. ಮಗ್ಗದಲ್ಲಿದ್ದಾಗ ಏನು ಕೇಳಿಸಿಕೊಳ್ಳುತ್ತದೋ ಬಟ್ಟೆಗೆ ಅದೇ ಗುಣ. ಜೋಗುಳ ಹಾಡಿ ನೇದ ದುಪ್ಪಟಿ ಹೊದಿಸಿದರೆ ಎಂಥ ರಚ್ಚೆಯ ಕೂಸೂ ಗಪ್‌ಚಿಪ್. ಒಮ್ಮೆ ಮಗ್ಗದ ಮನೆಯಲ್ಲಿ ಗಂಡಹೆಂಡಿರು ಉಪ್ಪಿನಕಾಯಿ ವಿಷಯಕ್ಕೆ ಜಗಳವಾಡಿದ್ದರು. ಆವತ್ತು ನೇದ ಪಂಚೆ ಉಟ್ಟಾಗಲೆಲ್ಲ ಪಾಪ, ಸಾಧು ಮಂತ್ರಿಗಳು ಕಂಡಕಂಡವರ ಮೇಲೆ ಹರಿಹಾಯುತ್ತಿದ್ದರು.

ಬೀದಿಗೆಲ್ಲ ಹಿರಿಯಳಾದ ಹೊನ್ನಾಯಿ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಅದನ್ನು ಕಂಡು ದೊರೆಯ ಆಪ್ತ ಬೊಪ್ಪಯ್ಯನ ಕರುಳು ಚುರುಕ್ ಎಂದಿತು. ಬೀದಿಯನ್ನು ಉಳಿಸಿಕೊಡಿ ಎಂದು ಬೇಡಿ ಫಲವಿಲ್ಲ. ಇಂದು ಉಳಿದರೂ ನಾಳೆ ಶಾಲು ಹೊದ್ದು ಬಂದು ಕೇಳಿದರೆ ಎಲ್ಲರೂ 'ಆಗಲಿ' ಎಂದು ಮನೆ ಬಿಟ್ಟು ಹೊರಡಬೇಕಾದೀತು. ಆ ಶಾಲೇ ಆಗಬಾರದು.

"ಭಲೇ ಪ್ರಭು!" ಎಂದ ಬೊಪ್ಪಯ್ಯ. "ಆದರೆ ನೇಕಾರರ ಪದ್ಧತಿ ನಿಮಗೆ ಗೊತ್ತಲ್ಲ? ಬಟ್ಟೆ 'ಆಗಲಿ' ಅನ್ನೋದನ್ನು ಕಲಿಯಬೇಕಾದರೆ ಯಾರಾದರೂ ಮಗ್ಗದ ಪಕ್ಕ ಕೂತು, ಕೇಳಿದ್ದಕ್ಕೆಲ್ಲ 'ಆಗಲಿ' ಅನ್ನುತ್ತಿರಬೇಕು. ಒಂದೇ ಒಂದು 'ಆಗದು' ಕಿವಿಗೆ ಬಿತ್ತೋ, ನೂಲು ಮತ್ತೆ ಮುಗಿಲಾಗಿ ಹಾರಿಹೋಗುತ್ತೆ."

"ಅಷ್ಟೇ ತಾನೆ? ಯಾರಾದರೂ ಆಳನ್ನು ಕೂರಿಸು."

"ಆಳಿನ ದನಿ ಕೇಳಿ ಬೆಳೆದ ಶಾಲು ಆಳಿಗೇ ಒಗ್ಗುತ್ತೆ ಪ್ರಭು. ಹೊದೆಯುವವರೇ ಕೂರಬೇಕು."

ಮರುದಿನ ಬೆಳಗ್ಗೆ ದೊರೆ ಮಗ್ಗದ ಪಕ್ಕ ಪದ್ಮಾಸನ ಹಾಕಿದ. ಹೊನ್ನಾಯಿ ಲಾಳಿ ಹಿಡಿದಳು. ಕೇಳುವವರ ಸಾಲು ಬಾಗಿಲಾಚೆಗೂ ಬೆಳೆದಿತ್ತು.

ಮೊದಲು ಬಂದವನು ಆಸ್ಥಾನಕವಿ. "ಪ್ರಭು, ನನ್ನ ಹೊಸ ಕಾವ್ಯವನ್ನು ಪೂರ್ತಿಯಾಗಿ ಓದಲು ಅಪ್ಪಣೆಯಾಗಲಿ."

ದೊರೆಯ ಮುಖ ಬಿಳುಚಿತು. "ಆ... ಆಗಲಿ."

ಲಾಳಿ ಸರ್ರನೆ ಓಡಿತು. ಕವಿಯೂ ಪದ್ಯ ಓಡಿಸಿದ. ಸೂರ್ಯ ನೆತ್ತಿಗೆ ಬಂದಾಗ ಕಾವ್ಯದ ನಾಯಕ ಇನ್ನೂ ತೊಟ್ಟಿಲಲ್ಲಿದ್ದ. ಬೊಪ್ಪಯ್ಯ ಕವಿಯ ತೋಳು ಹಿಡಿದು ಮೆಲ್ಲಗೆ ಮೂಲೆಗೆ ಸರಿಸಿದ.

ಆಮೇಲೆ ಪಟ್ಟದ ರಾಣಿ. "ನಮ್ಮಮ್ಮ ಮಳೆಗಾಲ ಕಳೆಯೋ ತನಕ ಇಲ್ಲೇ ಇರ್ತಾರಂತೆ. ಬರಹೇಳಲಾ?"

ದೊರೆ ಹಲ್ಲು ಕಚ್ಚಿದ. "ಆಗಲಿ."

ಕ್ಷೌರಿಕ ಕತ್ತಿ ಮಸೆಯುತ್ತ ಬಂದ. "ಬುದ್ಧಿ, ಈ ಮೀಸೆಗಿಂತ ಬೋಳು ಮುಖವೇ ನಿಮಗೆ ಚೆಂದ. ತೆಗೆದುಬಿಡ್ಲಾ?"

"ಆಗ... ಆಗಲಿ," ಎಂದ ದೊರೆಯ ಕಣ್ಣಲ್ಲಿ ನೀರಾಡಿತು. ಶಾಲು ಮಾತ್ರ ಮಿರಮಿರ ಮಿಂಚುತ್ತ ಮತ್ತೊಂದು ಮೊಳ ಬೆಳೆಯಿತು.

ಹೊನ್ನಾಯಿ ಗಾಬರಿಯಿಂದ ಬೊಪ್ಪಯ್ಯನತ್ತ ನೋಡಿದಳು. ಇನ್ನು ಉಳಿದಿದ್ದು ಅಂಚು ಮಾತ್ರ. ಆಗ ಬೊಪ್ಪಯ್ಯ ಮುಂದೆ ಬಂದು ಕೈಮುಗಿದ.

"ಪ್ರಭು, ನನ್ನದೂ ಒಂದು ಬಿನ್ನಹ. ಈ ನೇಯ್ಗೆಯನ್ನು ಇಲ್ಲಿಗೇ ನಿಲ್ಲಿಸಿ, ನೇದದ್ದನ್ನು ಬಿಚ್ಚಿಹಾಕಲು ಅಪ್ಪಣೆಯಾಗಲಿ."

ದೊರೆ "ಆಗ..." ಎಂದವನೇ ನಾಲಿಗೆ ಕಚ್ಚಿಕೊಂಡ. ಲಾಳಿಯೂ ನಿಂತಲ್ಲೇ ನಿಂತಿತು.

"ಎಲಾ ಬೊಪ್ಪಯ್ಯ! ಒಪ್ಪಿದರೆ ಶಾಲು ಬಿಚ್ಚುತ್ತೀಯ, ಒಪ್ಪದಿದ್ದರೆ ಅದು ಹಾರಿಹೋಗುತ್ತೆ! ನಾನೀಗ ಏನನ್ನಲಿ?"

"ಹೇಗಿದ್ದರೂ ಶಾಲು ಹೋಯಿತಲ್ಲ ಪ್ರಭು. ಬೆಳಗಿನಿಂದ ಗಂಟಲಲ್ಲಿ ಸಿಕ್ಕಿಕೊಂಡಿರೋ ಆ ಮಾತನ್ನಾದರೂ ಅಂದುಬಿಡಿ. ಹಾಯೆನಿಸುತ್ತೆ."

"ಆಗದು!" ದೊರೆ ಗುಡುಗಿದ. "ಆಗದು! ಆಗದು! ಆಗದು!"

ಶಾಲು ಬುಸ್ಸೆಂದು ಬಿಳಿ ಮುಗಿಲಾಗಿ ಕಿಟಕಿಯಿಂದ ಹಾರಿತು. ದೊರೆ ಕಾಲು ಚಾಚಿ, ಗೋಡೆಗೊರಗಿ, ದೊಡ್ಡದೊಂದು ನಿಟ್ಟುಸಿರು ಬಿಟ್ಟ.

"ಅಬ್ಬಾ! ಇನ್ನೊಂದು ಗಳಿಗೆ ತಡೆದಿದ್ದರೆ ಉಸಿರೇ ಕಟ್ಟಿಹೋಗುತ್ತಿತ್ತು ಮಾರಾಯ."

ಬೊಪ್ಪಯ್ಯ ಇನ್ನಷ್ಟು ಬಗ್ಗಿ ನಮಸ್ಕರಿಸಿದ. "ಅರ್ಧ ದಿನ ಆ ಮಾತಿಲ್ಲದ್ದಕ್ಕೇ ಪ್ರಭುಗಳಿಗೆ ಹೀಗಾಯಿತು. ಬೀದಿಯ ಜನ ಜೀವಮಾನವಿಡೀ ಹೇಗೆ ಬದುಕಿಯಾರು? ಅವರ ಬಾಯಲ್ಲೂ ಒಂದು 'ಆಗಾಕಿಲ್ಲ' ಇರಲಿ ಬಿಡಿ."

ದೊರೆ ಅವನನ್ನು ದುರುಗುಟ್ಟಿ ನೋಡಿದ. ಆಮೇಲೆ ಬೋಳು ತುಟಿಯ ಮೇಲೆ ಕೈಯಾಡಿಸಿ, ಹೊಟ್ಟೆ ಹಿಡಿದು ನಗತೊಡಗಿದ. ನಗುತ್ತಲೇ ಕೊರಳ ಹಾರ ತೆಗೆದು ಬೊಪ್ಪಯ್ಯನಿಗೆ ಹಾಕಿದ. ಬೆಟ್ಟದ ನೆತ್ತಿಯನ್ನು ಹೊನ್ನಾಯಿಯ ಬೀದಿಗೇ ಬಿಟ್ಟುಕೊಟ್ಟ.