ಅರೆಬೆಂದ ಮಡಕೆಗಳು

ಬೆಟ್ಟದ ಬುಡದ ಕುರುಚಲು ಕಾಡೊಂದರಲ್ಲಿ ಚಿಕ್ಕೀರನೆಂಬ ಮುಂಗುಸಿ ಇದ್ದ. ಅದೇ ಕಾಡಿನ ಕೆರೆಯ ಪಕ್ಕದಲ್ಲಿ ಬೋರಜ್ಜಿ ಎಂಬ ಮುದಿ ಚಿಪ್ಪುಹಂದಿ ಮಡಕೆ ಮಾಡಿಕೊಂಡಿದ್ದಳು.

ಬೋರಜ್ಜಿಯ ಮನೆಯಲ್ಲಿ ಆ ಕೆಲಸ ಮೂರು ತಲೆಮಾರಿನಿಂದ ನಡೆದು ಬಂದಿತ್ತು. ಅವಳ ಅಜ್ಜಿ ಬೆಟ್ಟದಾಚೆಯಿಂದ ಬಂದವಳು. ಆಚೆಯ ಮಣ್ಣು ಬರೀ ಮರಳು. ಹಣತೆಗಿಂತ ದೊಡ್ಡದೇನೂ ಅದರಲ್ಲಿ ನಿಲ್ಲುತ್ತಿರಲಿಲ್ಲ. ಈ ಕೆರೆಯ ತಳದ ಕಪ್ಪು ಜೇಡಿಗೆ ಹುತ್ತದ ಕೆಮ್ಮಣ್ಣು ಬೆರೆಸಿದರೆ ನೀರಿನ ಮಡಕೆ ಏಳುತ್ತದೆ ಎಂದು ಕಂಡುಕೊಂಡವಳು ಆ ಅಜ್ಜಿಯೇ. ಮಡಕೆಯ ಕೊರಳಿಗೆ ಉಗುರಿನಿಂದ ಮೂರು ಗೆರೆ ಎಳೆಯುವ ಪದ್ಧತಿಯೂ ಅವಳದೇ. ಮೂರು ಗೆರೆ ಕಂಡರೆ ಸಾಕು, ಕಾಡಿನವರು ಮತ್ತೇನೂ ನೋಡದೆ ಮಡಕೆ ಒಳಗಿಟ್ಟುಕೊಳ್ಳುತ್ತಿದ್ದರು.

ಬೇಸಿಗೆ ಬಂತೆಂದರೆ ಅಲ್ಲಿಯ ಹಳ್ಳ ಬತ್ತುತ್ತಿತ್ತು. ಅಷ್ಟರೊಳಗೆ ಪ್ರತಿ ಮನೆಯವರೂ ನೀರು ತುಂಬಿಟ್ಟುಕೊಳ್ಳಬೇಕು. ಇಲ್ಲದಿದ್ದರೆ ಮಳೆಗಾಲದವರೆಗೆ ಬದುಕುವುದು ಕಷ್ಟ.

ಆ ಮಡಕೆಗಳನ್ನು ಹೊತ್ತು ಮನೆಮನೆಗೆ ಮುಟ್ಟಿಸುವ ಕೆಲಸ ಚಿಕ್ಕೀರನದು. ಹೋದಲ್ಲೆಲ್ಲ ಅವನಿಗೆ ಉಪಚಾರ. ಒಬ್ಬರು ಬೋರೆಹಣ್ಣು ಕೊಡುವರು, ಇನ್ನೊಬ್ಬರು ಜೇನು ನೆಕ್ಕಿಸುವರು. ವರ್ಷವಿಡೀ ಅವನು ಆ ದಿನಗಳಿಗಾಗಿ ಕಾಯುತ್ತಿದ್ದ.

ಒಂದು ವರ್ಷ ಮಣ್ಣು ಅಗೆಯುವಾಗ ಗುಂಡಿಯ ಅಂಚು ಕುಸಿದು ಬೋರಜ್ಜಿಯ ಬಲಗೈ ಜಜ್ಜಿಹೋಯಿತು. ಈ ಸಲ ಏಳೆಂಟು ಮಡಕೆಗಿಂತ ಹೆಚ್ಚು ಆಗದು, ಎರಡು ಮನೆಯವರು ಸೇರಿ ಒಂದನ್ನು ಬಳಸಲಿ, ಇದನ್ನು ಎಲ್ಲರಿಗೂ ತಿಳಿಸು ಎಂದು ಅವಳು ಚಿಕ್ಕೀರನಿಗೆ ಹೇಳಿದಳು. ಚಿಕ್ಕೀರ ತಲೆಯಾಡಿಸಿದ. ಆದರೆ ಯಾರಿಗೂ ತಿಳಿಸಲಿಲ್ಲ. ಮಡಕೆ ಕಡಿಮೆಯಾದರೆ ತನಗೆ ಸಿಗುವ ಉಪಚಾರವೂ ಕಡಿಮೆ ಎಂಬುದೊಂದೇ ಅವನ ತಲೆಯಲ್ಲಿತ್ತು. ಇಷ್ಟು ವರ್ಷ ನೋಡಿದ್ದೇನೆ, ನಾನೇ ಮಾಡಿದರಾಯಿತು ಎಂದುಕೊಂಡ.

ಅವನು ನೋಡಿದ್ದೇನೋ ನಿಜ. ಅಜ್ಜಿ ಮಣ್ಣಿನ ಒಂದೊಂದು ಕಲ್ಲನ್ನೂ ಆರಿಸಿ ತೆಗೆಯುತ್ತಿದ್ದಳು. ಬೆಣ್ಣೆಯ ಹಾಗಾಗುವವರೆಗೆ ತುಳಿಯುತ್ತಿದ್ದಳು. ತಿಗರಿಯ ಮೇಲೆ ತಿರುಗಿಸಿ ಇಳಿಸಿದ ಹಸಿ ಮಡಕೆಯನ್ನು ತಟ್ಟಿ ತಟ್ಟಿ ಗುಂಡಗೆ ಮಾಡುತ್ತಿದ್ದಳು. ಹನ್ನೆರಡು ದಿನ ನೆರಳಲ್ಲಿ ಒಣಗಿಸಿ, ಆಮೇಲೆ ಆವಿಗೆಯ ಗೂಡಿನಲ್ಲಿಟ್ಟು ನಿಗಿನಿಗಿ ಕೆಂಡದಲ್ಲಿ ಸುಡುತ್ತಿದ್ದಳು. ಚಿಕ್ಕೀರನಿಗೆ ಅಷ್ಟು ತಾಳ್ಮೆ ಇರಲಿಲ್ಲ. ಬಂಡೆಯ ಹಿಂದೆ ಕೂತು, ಕಲ್ಲು ಆರಿಸದೆ ಮಣ್ಣು ಕಲಸಿದ. ಹಳೆಯ ಮಡಕೆಯೊಂದನ್ನು ಬೋರಲು ಹಾಕಿ ಅದರ ಮೇಲೆ ಮಣ್ಣು ಮೆತ್ತಿ ಆಕಾರ ತೆಗೆದ. ಕೊರಳನ್ನು ಕೈಯಲ್ಲೇ ಕೂಡಿಸಿದ. ಮೂರು ಗೆರೆ ಎಳೆಯುವಾಗ ಮಾತ್ರ ಅವನ ಉಗುರು ಒಂದು ಗಳಿಗೆ ತಡೆಯಿತು. ಯಾರಿಗೆ ಗೊತ್ತಾಗುತ್ತದೆ ಎಂದುಕೊಂಡು ಎಳೆದೇಬಿಟ್ಟ. ಎರಡು ದಿನ ಬಿಸಿಲಿಗಿಟ್ಟು, ಮೇಲೆ ತರಗೆಲೆ ಸುರಿದು ಮಧ್ಯಾಹ್ನದವರೆಗೆ ಸುಟ್ಟ. ಬಿರುಕು ಕಂಡಲ್ಲಿ ಕೆಮ್ಮಣ್ಣು ಬಳಿದ. ಹೀಗೆ ಒಂಬತ್ತು ಮಡಕೆಗಳಾದವು. ಅಜ್ಜಿ ಮಾಡಿದ ಏಳೆಂಟರ ಜೊತೆ ಸೇರಿಸಿ ಅವನ್ನೂ ಮನೆಗೊಂದರಂತೆ ಹಂಚಿದ.

ಆ ಒಂಬತ್ತರಲ್ಲಿ ಒಂದು ಸಾಕವ್ವ ಎಂಬ ಮೊಲದ ಮನೆ ಸೇರಿತು. ಅವಳು ನಾಲ್ಕು ಮರಿ ಹಾಕಿ ವಾರವಾಗಿತ್ತಷ್ಟೇ. ಅಜ್ಜಿಯ ಕೈ ವಾಸಿಯಾಯಿತೇ ಎಂದು ಅವಳು ಕೇಳಿದಳು. ವಾಸಿಯಾಯಿತು, ನಿನಗೆಂದೇ ಇದನ್ನು ಮಾಡಿದ್ದಾಳೆ ಎಂದ ಚಿಕ್ಕೀರ. ಸಾಕವ್ವನ ಕಣ್ಣು ತುಂಬಿ ಬಂತು. ಬಾಣಂತನಕ್ಕೆಂದು ಕೂಡಿಟ್ಟಿದ್ದ ಬೋರೆಹಣ್ಣನ್ನೆಲ್ಲ ಅವನ ಮುಂದೆ ಸುರಿದಳು. ಅವನು ಒಂದೂ ಬಿಡದೆ ತಿಂದ.

ಹಳ್ಳ ಬತ್ತಿತು. ಮೂರು ದಿನ ಮಡಕೆಗಳು ಹೇಗೋ ನಿಂತವು. ಆಮೇಲೆ ಜಿನುಗತೊಡಗಿದವು. ಆರಿಸದೆ ಬಿಟ್ಟ ಸುಣ್ಣಕಲ್ಲು ನೀರು ಕುಡಿದು ಉಬ್ಬಿ ಕೆಲವು ಸೀಳಿದವು. ಕೆಲವು ಇದ್ದಲ್ಲೇ ಕರಗಿ ಕೆಸರಾದವು. ಕೆರೆಯ ನಡುವೆ ಒಂದು ಹೊಂಡ ಮಾತ್ರ ಉಳಿದಿತ್ತು. ಎಳೆಯ ಮರಿಗಳನ್ನು ಅಷ್ಟು ದೂರ ನಡೆಸುವಂತಿರಲಿಲ್ಲ, ಬಿಟ್ಟು ಹೋಗುವಂತೆಯೂ ಇರಲಿಲ್ಲ. ನೀರಿಲ್ಲದೆ ಸಾಕವ್ವನ ಮೊಲೆಹಾಲು ಬತ್ತಿತು. ಎಲ್ಲಕ್ಕಿಂತ ಚಿಕ್ಕ ಮರಿ ತಲೆ ಎತ್ತದೆ ಮಲಗಿತು.

ಒಂಬತ್ತು ಮನೆಯವರೂ ಚೂರುಗಳನ್ನು ಹಿಡಿದು ಬೋರಜ್ಜಿಯ ಬಾಗಿಲಿಗೆ ಬಂದರು. ಬೇರೆ ದಾರಿ ಕಾಣದೆ ಉಳಿದ ಮೂರನ್ನು ಬಿಲದಲ್ಲೇ ಬಿಟ್ಟು, ಸಾಕವ್ವ ಆ ಮರಿಯನ್ನು ಕಚ್ಚಿಕೊಂಡೇ ಬಂದಿದ್ದಳು. ಹೋಗದಿದ್ದರೆ ಅನುಮಾನ ಬಂದೀತೆಂದು ಚಿಕ್ಕೀರನೂ ಬಂದು ಎಲ್ಲರ ಹಿಂದೆ ನಿಂತ. ನೀವು ಬಿಸಿಲಲ್ಲಿಟ್ಟಿದ್ದಿರಿ, ಅದಕ್ಕೇ ಒಡೆಯಿತು ಎಂಬ ಸುಳ್ಳನ್ನು ಬಾಯಲ್ಲಿ ಸಿದ್ಧಮಾಡಿಟ್ಟುಕೊಂಡಿದ್ದ.

"ನಿಮ್ಮ ಗೆರೆ ನಂಬಿ ನೀರು ತುಂಬಿದೆ ಅಜ್ಜಿ," ಎಂದಳು ಸಾಕವ್ವ. "ನನ್ನ ಕೂಸು ಕಣ್ಣು ಬಿಡ್ತಾ ಇಲ್ಲ."

ಬೋರಜ್ಜಿ ಒಂದು ಚೂರು ಎತ್ತಿಕೊಂಡಳು. ಒಳಗೆ ಹಸಿ ಮಣ್ಣು, ನಡುವೆ ಬೆಳ್ಳನೆಯ ಕಲ್ಲು. ಕೊರಳಿನ ಮೂರು ಗೆರೆಗಳನ್ನು ನೋಡಿದಳು, ಅವು ತನ್ನ ಉಗುರಿನವಲ್ಲ. ಆಮೇಲೆ ಎಲ್ಲರ ತಲೆಯ ಮೇಲಿಂದ ಒಮ್ಮೆ ಚಿಕ್ಕೀರನ ಕಡೆ ನೋಡಿದಳು. ಅವಳಿಗೆ ಗೊತ್ತಾಯಿತೆಂದು ಅವನಿಗೂ ಗೊತ್ತಾಯಿತು. ಈಗ ತನ್ನ ಹೆಸರು ಬರುತ್ತದೆ ಎಂದು ಅವನು ಒಂದು ಹೆಜ್ಜೆ ಹಿಂದೆ ಸರಿದ.

"ಗೆರೆ ನಮ್ಮ ಮನೆಯದು. ಜವಾಬುದಾರಿಯೂ ನಂದೇ," ಎಂದಳು ಅಜ್ಜಿ. "ಮೊದಲು ಕೂಸಿಗೆ ನೀರು ಕುಡಿಸವ್ವ."

ತನಗೆಂದು ಇಟ್ಟುಕೊಂಡಿದ್ದ ಮಡಕೆಯನ್ನು ಅವಳು ಎಡಗೈಯಲ್ಲಿ ಸಾಕವ್ವನ ಮುಂದೆ ತಳ್ಳಿದಳು. ಉಳಿದವರಿಗೂ ಬೊಗಸೆ ಬೊಗಸೆ ಹಂಚಿದಳು. ಮರಿ ನಾಲಿಗೆ ಆಡಿಸಿತು. ನೀರು ಕುಡಿದವರೇ ಹೊರಡುವಾಗ ಅಂದರು, ಮುದುಕಿಯ ಕೈಚಳಕ ಮುಗಿಯಿತು, ಮೂರು ತಲೆಮಾರಿನ ಹೆಸರು ಮಣ್ಣುಪಾಲಾಯಿತು ಎಂದು. ಅಜ್ಜಿ ತಲೆ ತಗ್ಗಿಸಿ ಕೇಳಿಸಿಕೊಂಡಳು. ಚಿಕ್ಕೀರನ ಕಿವಿ ಸುಟ್ಟಂತಾಯಿತು. ಅವನ ಸುಳ್ಳನ್ನು ಯಾರೂ ಕೇಳಲೇ ಇಲ್ಲ.

ಮರುದಿನವೆಲ್ಲ ಅವನು ಬಿಲ ಬಿಟ್ಟು ಹೊರಬರಲಿಲ್ಲ. ಯಾರೂ ಬೈದಿರಲಿಲ್ಲ, ಹೊಡೆದಿರಲಿಲ್ಲ. ಆದರೂ ಮುಖ ಎತ್ತಲಾಗಲಿಲ್ಲ. ಅದರ ಮರುದಿನ ಮೆಲ್ಲಗೆ ಅಜ್ಜಿಯ ಗುಂಡಿಯ ಹತ್ತಿರ ಹೋದ. ಅವಳು ಒಣಗಿದ ತುಟಿಯಲ್ಲಿ, ಊದಿದ ಕೈಯನ್ನು ಎದೆಗೆ ಒತ್ತಿಕೊಂಡು ಮಣ್ಣು ತುಳಿಯುತ್ತಿದ್ದಳು. ಒಂಬತ್ತು ಮನೆಗೂ ಮಡಕೆ ಕೊಡಬೇಕಿತ್ತು.

"ಯಾಕಜ್ಜಿ ನನ್ನ ಹೆಸರು ಹೇಳಲಿಲ್ಲ?" ಎಂದು ಕೇಳಿದ.

"ನಿನ್ನ ಬಾಯಿ ನಿನ್ನ ಹತ್ರಾನೇ ಇತ್ತಲ್ಲಪ್ಪ," ಎಂದಳು ಅವಳು, ತುಳಿಯುವುದನ್ನು ನಿಲ್ಲಿಸದೆ.

ಅಂದು ಸಂಜೆ ಎಲ್ಲರೂ ಹೊಂಡದ ಹತ್ತಿರ ಸೇರಿದ್ದಾಗ ಚಿಕ್ಕೀರ ನಡುವೆ ಹೋಗಿ ನಿಂತ. ಕಲ್ಲು ಆರಿಸದಿದ್ದದ್ದು, ಸರಿಯಾಗಿ ಸುಡದಿದ್ದದ್ದು, ಗೆರೆ ಕದ್ದದ್ದು, ಎಲ್ಲವನ್ನೂ ಹೇಳಿದ. ಅಜ್ಜಿಯನ್ನು ಹಳಿದವರೂ ನೆಲ ನೋಡತೊಡಗಿದರು.

ಸಾಕವ್ವ ಮಾತ್ರ ಕೇಳಿದಳು, "ಹಣ್ಣು ತಿನ್ನುವಾಗ ನನ್ನ ಮಕ್ಕಳು ನಿನ್ನ ಕಣ್ಣಿಗೆ ಬೀಳಲಿಲ್ಲವಾ?"

ಬಿದ್ದಿದ್ದವು. ನಾಲ್ಕನ್ನೂ ಅವನು ನೋಡಿದ್ದ.

ಆ ಬೇಸಿಗೆ ಪೂರ್ತಿ ಹೊಂಡದಿಂದ ಒಂಬತ್ತು ಮನೆಗೂ ಅಜ್ಜಿಯ ಮನೆಗೂ ಅವನೇ ನೀರು ಹೊತ್ತ. ಯಾರೂ ಕೂರು ಎನ್ನಲಿಲ್ಲ. ಮಳೆ ಬಂದ ಮೇಲೆ ಅಜ್ಜಿಯ ಪಕ್ಕ ಕೂತು ಕಲ್ಲು ಆರಿಸಿದ. ಅವಳು ಬೇಡ ಎನ್ನಲಿಲ್ಲ. ವರ್ಷ ತುಂಬುವಾಗ ಮೊದಲಿಂದ ಕೊನೆಯವರೆಗೆ ಒಂದು ಮಡಕೆಯನ್ನು ತಾನೇ ಮಾಡಿ, ಅದನ್ನು ಹೊತ್ತು ಸಾಕವ್ವನ ಬಾಗಿಲಿಗೆ ಹೋದ.

ಸಾಕವ್ವ ಮಡಕೆಯನ್ನು ಒಳಗಿಟ್ಟುಕೊಳ್ಳಲಿಲ್ಲ. ಬಾಗಿಲಲ್ಲೇ ಬೆರಳು ಮಡಚಿ ಅದರ ಹೊಟ್ಟೆಗೆ ಬಡಿದು, ಕಿವಿ ಕೊಟ್ಟಳು. ಚೆನ್ನಾಗಿ ಬೆಂದ ಮಡಕೆಯ ಹಾಗೆ ಠಣ್ ಎಂದಿತು. ಇನ್ನೊಂದು ಕಡೆ ಬಡಿದಳು. ತಳಕ್ಕೂ ಬಡಿದಳು. ದೊಡ್ಡವಾಗಿದ್ದ ನಾಲ್ಕು ಮಕ್ಕಳೂ ಅವಳ ಹಿಂದೆ ನಿಂತು ಚಿಕ್ಕೀರನನ್ನೇ ನೋಡುತ್ತಿದ್ದವು. ಅವನು ತಲೆ ತಗ್ಗಿಸಿ ನಿಂತಿದ್ದ. ಅವಳು ಬಡಿದು ನೋಡಬೇಕಾದದ್ದೇ ಎಂದು ಅವನಿಗೆ ಅನ್ನಿಸಿತು.

ಕೊನೆಗೆ ಸಾಕವ್ವ ಮಡಕೆಯನ್ನು ಒಳಗೆ ಉರುಳಿಸಿಕೊಂಡಳು. ಕೂರು ಎನ್ನಲಿಲ್ಲ. ಚಿಕ್ಕೀರ ಬಂದ ದಾರಿಯಲ್ಲೇ ತಿರುಗಿ ಮಣ್ಣಿನ ಗುಂಡಿಗೆ ನಡೆದ.

ನೀತಿ: ಇನ್ನೊಬ್ಬರು ಗಳಿಸಿದ ನಂಬಿಕೆಯನ್ನು ಕದ್ದು ಬಾಳಲಾಗದು, ತಪ್ಪನ್ನು ಒಪ್ಪಿಕೊಂಡರೂ ಕಳೆದುಕೊಂಡ ನಂಬಿಕೆಯನ್ನು ದುಡಿದೇ ಗಳಿಸಬೇಕು.